ಮಳೆಗಾಳಿಯ ಮಂತ್ರಾಕ್ಷರಗಳು

ವೃತ್ರಾಸುರನ ಜನ್ಮವೃತ್ತಾಂತವು ಸಂಸ್ಕೃತ ವ್ಯಾಕರಣದ ಗಂಧವಿದ್ದವರಿಗೆಲ್ಲ ಪರಿಚಿತವಾದುದು. ಮಗನನ್ನು ಕಳೆದುಕೊಂಡ ತ್ವಷ್ಟೃವು ಇಂದ್ರನನ್ನು ಸಂಹರಿಸಬಲ್ಲವನೊಬ್ಬನು ಹುಟ್ಟಲೆಂದು ಹೋಮಮಾಡಿದನು. ಆದರೆ ‘ಇಂದ್ರಶತ್ರು’ ಎಂಬ ಪದದಲ್ಲಿ ಸ್ವರವು ತಪ್ಪಿತು. ಇಂದ್ರನನ್ನು ಕೊಲ್ಲುವವನೆಂಬ ಅರ್ಥವು ಹೋಗಿ, ಇಂದ್ರನಿಂದ ಸಾಯುವವನೆಂಬ ಅರ್ಥವು ಬಂದಿತು. ಜಲವನ್ನೆಲ್ಲ ತಡೆದಿಟ್ಟಿದ್ದ ವೃತ್ರನು ಹತನಾದನು, ನೀರು ಹರಿಯಿತು. ಲೋಕದ ಮಳೆಯೇ ಒಂದು ಸ್ವರದ ಮೇಲೆ ನಿಂತಿತ್ತೆಂಬುದು ಈ ಕಥೆಯ ತಾತ್ಪರ್ಯ.

ನಮ್ಮಲ್ಲಿ ಉಚ್ಚಾರಕ್ಕೆ ಸಂದ ಈ ಮಹಿಮೆಯು ಯೂರೋಪಿನ ಉತ್ತರ ದೇಶಗಳಲ್ಲಿ ಕೊರೆದ ಅಕ್ಷರಕ್ಕೆ ಸಂದಿತು. ಇಂದಿನ ಅದ್ಭುತ ಕಥೆಗಳ ಕಲ್ಪಿತ ಲೋಕಗಳಲ್ಲಿ ಗಾಳಿಯನ್ನು ಕಟ್ಟುವ, ಮಳೆಯನ್ನು ಕರೆಯುವ ಅಕ್ಷರಗಳು ಬಂದಿರುವುದು ಬಹುಮಟ್ಟಿಗೆ ಅಲ್ಲಿಂದಲೇ. ಆ ಅಕ್ಷರಗಳು ನಡೆದುಬಂದ ದಾರಿಯನ್ನು ನೋಡಿದರೆ, ಶಕ್ತಿಯ ವಿಷಯದಲ್ಲಿ ಮನುಷ್ಯನ ವಿವೇಕವು ಹೇಗೆ ಬೆಳೆಯಿತೆಂಬುದೂ ತಿಳಿಯುವುದು.

ಕ್ರಿ. ಶ. ಎರಡನೆಯ ಶತಮಾನದ ಸುಮಾರಿಗೆ ಜರ್ಮಾನಿಕ್ ಜನರಲ್ಲಿ ‘ರೂನ್’ ಎಂಬ ಲಿಪಿಯು ಬಳಕೆಗೆ ಬಂದಿತು. ಮೊದಲು ಅದರಲ್ಲಿ ೨೪ ಅಕ್ಷರಗಳಿದ್ದುವು; ಮುಂದೆ ಸ್ಕಾಂಡಿನೇವಿಯದಲ್ಲಿ ಅವು ೧೬ಕ್ಕೆ ಇಳಿದುವು. ಮರದ ಮೇಲೆ ಕತ್ತಿಯಿಂದ ಕೊರೆಯಲು ಅನುಕೂಲವಾಗುವಂತೆ ಅದರ ಗೆರೆಗಳೆಲ್ಲ ಸಾಮಾನ್ಯವಾಗಿ ನೇರವಾದುವು. ಹೆಸರು, ಒಡೆತನ, ಸತ್ತವರ ಸ್ಮರಣೆ ಮುಂತಾದ ಲೌಕಿಕ ವಿಷಯಗಳಿಗೂ ಅದು ಬಳಕೆಯಾಯಿತು. ಆದರೆ ‘ರೂನ್’ ಎಂಬ ಮಾತಿಗೆ ರಹಸ್ಯವೆಂದೂ ಅರ್ಥವುಂಟು. ಓಡಿನ್ ದೇವನು ಗಾಳಿಗೆ ತೂಗುವ ಮರದಲ್ಲಿ ಒಂಬತ್ತು ರಾತ್ರಿ ನೇತಾಡಿ ಈ ವಿದ್ಯೆಯನ್ನು ಪಡೆದನೆಂದು ಅವರ ಪುರಾಣವು ಹೇಳುವುದು. ತಪಸ್ಸಿಲ್ಲದೆ ವಿದ್ಯೆಯಿಲ್ಲವೆಂಬ ನಂಬಿಕೆಯು ಅಲ್ಲಿಯೂ ಇದ್ದಿತು.

ಹದಿಮೂರನೆಯ ಶತಮಾನದಲ್ಲಿ ಐಸ್‌ಲೆಂಡಿನಲ್ಲಿ ರಚಿತವಾದ ಎಗಿಲ್ಲನ ಚರಿತ್ರೆಯಲ್ಲಿ ಇದಕ್ಕೊಂದು ನಿದರ್ಶನವಿದೆ. ಎಗಿಲ್ಲನು ಒಬ್ಬ ಬೇಸಾಯಗಾರನ ಮನೆಗೆ ಬಂದಾಗ ಅವನ ಮಗಳು ಬಹುಕಾಲದಿಂದ ಹಾಸಿಗೆ ಹಿಡಿದಿದ್ದಳು. ಅವಳ ಹಾಸಿಗೆಯಲ್ಲಿ ತಿಮಿಂಗಿಲದ ಮೂಳೆಯೊಂದು ಸಿಕ್ಕಿತು. ವಿದ್ಯೆಯನ್ನು ಪೂರ್ತಿಯಾಗಿ ತಿಳಿಯದ ತರುಣನೊಬ್ಬನು ಅದರ ಮೇಲೆ ರೂನುಗಳನ್ನು ತಪ್ಪಾಗಿ ಕೊರೆದಿದ್ದನು. ಎಗಿಲ್ಲನು ಅವನ್ನು ಕೆರೆದುಹಾಕಿ, ಮೂಳೆಯನ್ನು ಸುಟ್ಟು, ಬೇರೆ ಅಕ್ಷರಗಳನ್ನು ಕೊರೆದು ಅವಳ ದಿಂಬಿನಡಿಯಲ್ಲಿರಿಸಿದನು, ಅವಳು ಚೇತರಿಸಿಕೊಂಡಳು. ಓದಲರಿಯದವನು ಕೊರೆಯಬಾರದೆಂಬುದೇ ಅವನ ಉಪದೇಶ. ತ್ವಷ್ಟೃವಿನ ಸ್ವರದೋಷಕ್ಕೂ ಈ ಲಿಪಿದೋಷಕ್ಕೂ ಇರುವ ಸಾಮ್ಯವು ಸ್ಪಷ್ಟವಾಗಿಯೇ ಇದೆ.

ಅದೇ ಐಸ್‌ಲೆಂಡಿನಲ್ಲಿ ಹದಿನೇಳನೆಯ ಶತಮಾನವು ಬಂದಾಗ ಅಕ್ಷರವನ್ನು ತಪ್ಪಾಗಿ ಬರೆಯುವುದಷ್ಟೇ ಅಲ್ಲ, ಇಟ್ಟುಕೊಂಡಿರುವುದೇ ಅಪಾಯವಾಯಿತು. ೧೬೨೫ರಲ್ಲಿ ಯೋನ್ ರೊಗ್ನ್‌ವಾಲ್ಡ್‌ಸನ್ ಎಂಬವನನ್ನು ಮಾಟಗಾರನೆಂದು ಸುಟ್ಟರು. ರೂನ್ ಬರೆದ ಹಾಳೆಯೇ ಅವನಿಗೆ ವಿರೋಧವಾದ ಸಾಕ್ಷ್ಯವಾಯಿತು. ೧೬೫೪ರಲ್ಲಿ ಟ್ರೇಕಿಲ್ಲಿಸ್‌ವೀಕ್ ಎಂಬಲ್ಲಿ ಮೂವರನ್ನು ಸುಟ್ಟರು. ಇಗರ್ಜಿಯಲ್ಲಿ ಹೆಂಗಸರು ಮೂರ್ಛೆಹೋಗುತ್ತಿದ್ದುದಕ್ಕೆ ಅವರ ಮಾಟವೇ ಕಾರಣವೆಂದು ಆರೋಪ. ಆ ಶತಮಾನದಲ್ಲಿ ಹೀಗೆ ಬೆಂಕಿಗೆ ಆಹುತಿಯಾದವರು ಸುಮಾರು ಇಪ್ಪತ್ತು ಮಂದಿ. ಯೂರೋಪಿನ ಇತರ ಅನೇಕ ಕಡೆಗಳಲ್ಲಿ ಹೆಂಗಸರೇ ಹೆಚ್ಚಾಗಿ ಬಲಿಯಾದರೆ, ಇಲ್ಲಿ ಸತ್ತವರಲ್ಲಿ ಹೆಂಗಸು ಒಬ್ಬಳೇ. ಅಕ್ಷರಕ್ಕೆ ಶಕ್ತಿಯಿದ್ದಿತೋ ಇಲ್ಲವೋ, ಅಕ್ಷರದ ಭಯಕ್ಕಂತೂ ಕೊಲ್ಲುವ ಶಕ್ತಿಯಿದ್ದಿತು.

ಭಯವು ಇಳಿದಮೇಲೆ ಉಳಿದುದು ಕುತೂಹಲ. ೧೮೬೦ರಲ್ಲಿ ಗೇರ್ ವಿಗ್‌ಫೂಸನ್ ಎಂಬಾತನು ಇಂಥ ಗುರುತುಗಳನ್ನು ‘ಹುಲ್ಡ್’ ಎಂಬ ಹಸ್ತಪ್ರತಿಯಲ್ಲಿ ಸಂಗ್ರಹಿಸಿದನು. ಬಿರುಗಾಳಿಯಲ್ಲಿಯೂ ದಾರಿ ತಪ್ಪದಂತೆ ಕಾಯುವುದೆನ್ನುವ ‘ವೇಗ್‌ವೀಸಿರ್’ ಎಂಬ ಗುರುತು ಅದರಲ್ಲಿದೆ. ಇಂದು ಅದನ್ನು ವೈಕಿಂಗರ ಕಾಲದ್ದೆಂದು ಮೈಮೇಲೆ ಹಚ್ಚೆ ಹಾಕಿಸಿಕೊಳ್ಳುವವರಿದ್ದಾರೆ. ಆದರೆ ವೈಕಿಂಗರ ಕಾಲಕ್ಕೂ ಆ ಹಸ್ತಪ್ರತಿಗೂ ನಡುವೆ ಎಂಟು ಶತಮಾನಗಳಾದರೂ ಕಳೆದಿವೆ.

ಮುಂದೆ ಈ ಅಕ್ಷರಗಳಿಗೆ ಸಾಹಿತ್ಯವು ಆಶ್ರಯವಿತ್ತಿತು. ಆಕ್ಸ್‌ಫರ್ಡಿನಲ್ಲಿ ಆಂಗ್ಲೋ-ಸ್ಯಾಕ್ಸನ್ ಪ್ರಾಧ್ಯಾಪಕರಾಗಿದ್ದ ಟೋಲ್ಕಿನ್ ಪಂಡಿತರು ೧೯೩೭ರ ‘ಹಾಬಿಟ್’ ಎಂಬ ಕಥೆಯ ಭೂಪಟದಲ್ಲಿ ನಿಜವಾದ ರೂನುಗಳನ್ನೇ ಬಳಸಿದರು. ಅದರಲ್ಲಿ ಚಂದ್ರಾಕ್ಷರಗಳೆಂಬುವುಂಟು: ಬರೆದ ದಿನದ ಋತುವೂ ಚಂದ್ರಕಲೆಯೂ ಮತ್ತೆ ಕೂಡಿಬಂದಾಗ ಮಾತ್ರ ಅವು ಕಾಣುವುವು. ಇಲ್ಲಿ ಪ್ರಕೃತಿಯು ಅಕ್ಷರಕ್ಕೆ ಅಧೀನವಲ್ಲ; ಅಕ್ಷರವೇ ಪ್ರಕೃತಿಗಾಗಿ ಕಾಯಬೇಕು.

ಈ ವಿಚಾರವನ್ನು ಕೊನೆಮುಟ್ಟಿಸಿದವರು ಅಮೆರಿಕದ ಲೇಖಕಿ ಉರ್ಸುಲಾ ಲ ಗ್ವಿನ್ (೧೯೨೯–೨೦೧೮). ಮಾನವಶಾಸ್ತ್ರಜ್ಞ ಆಲ್‌ಫ್ರೆಡ್ ಕ್ರೋಬರ್ ಅವರ ಮಗಳಾದ ಇವರು ೧೯೬೮ರ ಕಥೆಯಲ್ಲಿ ‘ಅರ್ಥ್‌ಸೀ’ ಎಂಬ ದ್ವೀಪಲೋಕವನ್ನು ಚಿತ್ರಿಸಿದರು. ಅಲ್ಲಿ ಪ್ರತಿಯೊಂದು ವಸ್ತುವಿಗೂ ಪುರಾತನ ಭಾಷೆಯಲ್ಲಿ ನಿಜನಾಮವುಂಟು. ಅದನ್ನು ಬಲ್ಲವನಿಗೆ ಆ ವಸ್ತುವು ವಶ. ಗೆಡ್ ಎಂಬ ಹುಡುಗನು ಓಗಿಯನ್ ಎಂಬ ಗುರುವಿನ ಬಳಿ ಆರುನೂರು ರೂನುಗಳನ್ನು ಕಲಿಯುವನು. ಭೂಕಂಪವನ್ನೇ ಅಡಗಿಸಿದ ಕೀರ್ತಿಯುಳ್ಳ ಆ ಗುರುವು ಮಳೆ ಬಂದರೆ ಮೋಡವನ್ನು ಅತ್ತ ಓಡಿಸದೆ ಮರದಡಿಯಲ್ಲಿ ಮಲಗಿಬಿಡುವನು. ಇದು ಶಿಷ್ಯನಿಗೆ ಹಿಡಿಸದು. ಗರ್ವದಿಂದ ಅವನು ಸತ್ತವಳೊಬ್ಬಳ ಪ್ರೇತವನ್ನು ಕರೆದು, ಅದರೊಡನೆ ಕರಾಳವಾದ ನೆರಳೊಂದನ್ನು ಲೋಕಕ್ಕೆ ಬಿಟ್ಟು, ಬಹಳ ನೋವುಂಡಮೇಲೆ ಗುರುವಿನ ಮೌನವನ್ನು ಅರಿಯುವನು. ಒಂದು ದ್ವೀಪಕ್ಕೆ ಸುರಿಸಿದ ಮಳೆಯು ಇನ್ನೊಂದು ದ್ವೀಪದ ಕ್ಷಾಮವಾದೀತೆಂಬುದು ಆ ಲೋಕದ ಪಂಡಿತರ ಎಚ್ಚರಿಕೆ.

೧೯೭೧ರಲ್ಲಿ ಬಂದ ಎರಡನೆಯ ಕಥೆಯಲ್ಲಿ ಒಡೆದ ಬಳೆಯೊಂದರ ವೃತ್ತಾಂತವಿದೆ. ಅದರ ಒಂಬತ್ತು ರೂನುಗಳಲ್ಲಿ ಒಂದು ನಡುವೆ ಸೀಳಿಹೋಗಿ ಲುಪ್ತವಾಯಿತು. ಅದು ಬಂಧನದ, ಎಂದರೆ ಶಾಂತಿಯಿಂದ ಆಳುವ ಅರಸುತನದ ಗುರುತು. ಎರಡು ತುಂಡುಗಳೂ ಕೂಡಿದಮೇಲೆಯೇ ಆ ದ್ವೀಪಗಳಿಗೆ ಮತ್ತೆ ಅರಸನು ಬರುವನು.

ಹಳೆಯ ಕಾಲದವರು ಅಕ್ಷರವನ್ನು ತಪ್ಪಿಲ್ಲದೆ ಬರೆಯಬೇಕೆಂದರು. ಭಯದ ಕಾಲದವರು ಬರೆಯಲೇ ಕೂಡದೆಂದು ಬೆಂಕಿ ಹಚ್ಚಿದರು. ಕಥೆಗಾರ್ತಿಯು ಕೇಳಿದ ಪ್ರಶ್ನೆಯು ಇವೆರಡಕ್ಕಿಂತ ಕಠಿನವಾದುದು: ಸರಿಯಾಗಿ ಬರೆಯಬಲ್ಲವನು ಯಾವಾಗ ಬರೆಯದೆ ಇರಬೇಕು? ಅಣೆಕಟ್ಟಿನಿಂದ ಹೊಳೆಯನ್ನು ನಿಲ್ಲಿಸಿ, ಮೋಡದಲ್ಲಿ ಲವಣವನ್ನು ಬಿತ್ತಿ ಮಳೆಯನ್ನು ಕರೆಯಲೆಳಸುವ ಈ ಕಾಲದಲ್ಲಿ, ಮರದಡಿಯಲ್ಲಿ ಮಲಗಿದ ಓಗಿಯನ್ ಗುರುವಿನ ಪಾಠವು ಬರಿಯ ಮಕ್ಕಳ ಕಥೆಯೆನಿಸದು.