ಗದ್ದೆ ಬಿಟ್ಟ ಕಂಬಳ: ಬಿ.ಸಿ.ರೋಡ್ ಸುತ್ತಿನ ಗ್ರಾಮಜೀವನದಲ್ಲಿ ಪರಂಪರೆಯ ಮರುರಚನೆ

ಬಂಟ್ವಾಳದ ಹೊಕ್ಕಾಡಿಗೋಳಿ, ಬೆಳ್ತಂಗಡಿಯ ವೇಣೂರು, ಮೂಡುಬಿದಿರೆಯ ಕಡಲಕೆರೆ ಮೂರೂ ಜೋಡುಕರೆ ಕಂಬಳಕ್ಕೆ, ಅಂದರೆ ಅಕ್ಕಪಕ್ಕದ ಎರಡು ಕೆಸರಿನ ಕರೆಗಳಲ್ಲಿ (ಓಟದ ಹಾದಿಗಳಲ್ಲಿ) ನಡೆಯುವ ಕೋಣಗಳ ಓಟಕ್ಕೆ, ಹೆಸರಾದ ಊರುಗಳು. ಸುತ್ತಲಿನ ಬೈಲುಗಳಲ್ಲಿ ಮಾತ್ರ ಭತ್ತಕ್ಕಿಂತ ಅಡಿಕೆಯೇ ಹೆಚ್ಚು ಕಣ್ಣಿಗೆ ಬೀಳುತ್ತದೆ. ಕೃಷಿ ಹಿಂದೆ ಸರಿದರೂ ಅದರಿಂದ ಹುಟ್ಟಿದ ಓಟ ಉಳಿದದ್ದು ಹೇಗೆ?

ಭತ್ತದ ಮೊದಲ ಬೆಳೆ ಏಣಿಲು ಕಟಾವಾಗಿ ಎರಡನೆಯ ಬೆಳೆ ಸುಗ್ಗಿಯ ಬೇಸಾಯ ತೊಡಗುವ ಹೊತ್ತಿಗೆ ಗುತ್ತಿನ ಮನೆಯ, ಅಂದರೆ ಊರಿನ ಭೂಮಾಲೀಕ ಧಣಿಯ ಮನೆಯ, ಕಂಬಳಗದ್ದೆಗೆ ಕೋಣ ಇಳಿಸುವುದು ಹಳೆಯ ಕ್ರಮ. ದೈವದ ಕಟ್ಟುಕಟ್ಟಳೆ ಅದರ ಒಂದು ಮುಖ, ಒಕ್ಕಲುಗಳ ಮೇಲಿನ ಧಣಿಯ ಹಿಡಿತ ಇನ್ನೊಂದು. 1974ರ ಭೂಸುಧಾರಣೆಯಿಂದ ಗೇಣಿದಾರರು ಭೂಮಾಲೀಕರಾದಾಗ ಆ ಹಿಡಿತ ಸಡಿಲಿತು. ಕಂಬಳವೂ ಅದರೊಂದಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ, ಗುತ್ತಿನ ಜಾಗಕ್ಕೆ ಸಮಿತಿ ಬಂತು, ಧಣಿಯ ಜಾಗಕ್ಕೆ ದಾನಿಗಳೂ ರಾಜಕಾರಣಿಗಳೂ ಬಂದರು. ಹೊನಲು ಬೆಳಕು, ಸೆಕೆಂಡಿನ ನೂರನೇ ಭಾಗ ಅಳೆಯುವ ಯಂತ್ರ ಬಂದವು. ಉಳುಮೆ ಟಿಲ್ಲರಿನ ಪಾಲಾದರೂ ನೇಗಿಲು ವಿಭಾಗದಲ್ಲಿ ಕೋಣಗಳು ಈಗಲೂ ಓಡುತ್ತವೆ. ಕನೆಹಲಗೆ ವಿಭಾಗಕ್ಕೆ ಮಾತ್ರ ಗಡಿಯಾರ ಲೆಕ್ಕಕ್ಕಿಲ್ಲ: ಹಲಗೆಯ ತೂತಿನಿಂದ ಚಿಮ್ಮಿದ ನೀರು ಆರೂವರೆ ಅಥವಾ ಏಳೂವರೆ ಕೋಲು ಎತ್ತರದ ನಿಶಾನೆ ಮುಟ್ಟಬೇಕು. 2020ರಲ್ಲಿ ಐಕಳದ ಕರೆಯಲ್ಲಿ ಮೂಡುಬಿದಿರೆ ಕಡೆಯ ಶ್ರೀನಿವಾಸ ಗೌಡರು 142.5 ಮೀಟರನ್ನು 13.62 ಸೆಕೆಂಡಿನಲ್ಲಿ ಓಡಿದಾಗ ದೇಶವೆಲ್ಲ ಮಾತಾಡಿದ್ದು ಗಡಿಯಾರದ ಲೆಕ್ಕವನ್ನೇ. ಕಟ್ಟಡ ಕೆಲಸಕ್ಕೆ ಹೋಗುತ್ತಿದ್ದ ಈ ಓಟಗಾರರನ್ನು ಒಲಿಂಪಿಕ್ಸ್ ವೇಗಿಗಳೊಂದಿಗೆ ತೂಗಿದವರಿಗೆ ಮುಂದೆ ಎಳೆಯುವ ಕೋಣಗಳು ಮರೆತೇಹೋಗಿದ್ದವು.

ಕಾನೂನಿನ ಪರೀಕ್ಷೆ ಬೇರೆ. ಜಲ್ಲಿಕಟ್ಟು ಕುರಿತ 2014ರ ಸುಪ್ರೀಂ ಕೋರ್ಟ್ ತೀರ್ಪಿನ ಬೆನ್ನಲ್ಲೇ ಕಂಬಳಕ್ಕೆ ತಡೆ ಬಿತ್ತು. 2017ರ ಜನವರಿಯಲ್ಲಿ ಮೂಡುಬಿದಿರೆಯಲ್ಲಿ ಕೋಣಗಳ ಸಮೇತ ಜನ ಬೀದಿಗಿಳಿದರು. ಅದೇ ವರ್ಷ ರಾಜ್ಯವು ಕಂಬಳಕ್ಕೆ ಅವಕಾಶವಾಗುವಂತೆ ಪ್ರಾಣಿಹಿಂಸೆ ತಡೆ ಕಾಯ್ದೆಯನ್ನು ತಿದ್ದಿತು. 2023ರ ಮೇ 18ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಇಲ್ಲೆಲ್ಲ ಮುಂದೆ ಬಂದ ವಾದ ಒಂದೇ: ಇದು ನಮ್ಮ ಪರಂಪರೆ.

ಆದರೆ ಕಂಬಳದ ಹಿಂದಿನ ರಾತ್ರಿ ಕೊರಗ ಸಮುದಾಯದವರು ಡೋಲು ಬಾರಿಸುತ್ತ ಕಳೆಯಬೇಕೆಂಬುದೂ ಪರಂಪರೆಯೇ ಆಗಿತ್ತು. ಕೊರಗರನ್ನು ಹೀಗೆ ಕೀಳಾಗಿ ನಡೆಸಿಕೊಳ್ಳುವ ಅಜಲು ಪದ್ಧತಿಯನ್ನು ನಿಷೇಧಿಸಿದ್ದು 2000ದ ರಾಜ್ಯ ಕಾಯ್ದೆ. ಅಧ್ಯಯನಗಳು ಓಟ, ಕೋಣ, ಕರೆಗಳಿಗೆ ಕೊಡುವ ಪುಟಗಳನ್ನು ಈ ನಿಷೇಧಕ್ಕೆ ಕೊಟ್ಟದ್ದು ಕಡಿಮೆ. ಗುತ್ತಿನ ಅಧಿಕಾರ ಹೋಯಿತು, ಗದ್ದೆ ಹೋಯಿತು, ಅಜಲಿಗೆ ಕಾನೂನು ತಡೆಯೊಡ್ಡಿತು, ಕಂಬಳವೇನೂ ಸೊರಗಲಿಲ್ಲ. ಇಷ್ಟು ಬದಲಾವಣೆಗಳನ್ನು ಅರಗಿಸಿಕೊಂಡ ಆಚರಣೆ ಕೋಣಗಳಿಗೆ ಹೊಡೆಯುವ ಬೆತ್ತದ ಪೆಟ್ಟೊಂದನ್ನು ಬಿಟ್ಟರೆ ಕೆಟ್ಟುಹೋಗುತ್ತದೆ ಎನ್ನುವ ವಾದಕ್ಕೆ ಅದರ ಇತಿಹಾಸದಲ್ಲಿ ಆಧಾರ ಸಿಗುವುದಿಲ್ಲ.