ಐರ್ಲೆಂಡಿನ ಆದಿಕಾಲದ ಅರಸರು, ಧರ್ಮಾಧ್ಯಕ್ಷರು ಮತ್ತು ಸಂತರು: ಐತಿಹ್ಯವೆಷ್ಟು, ಇತಿಹಾಸವೆಷ್ಟು?

ಪ್ರತಿ ವರ್ಷ ಮಾರ್ಚ್ 17ರಂದು ಜಗತ್ತಿನ ನಾನಾ ಕಡೆಗಳಲ್ಲಿ ಸಂತ ಪ್ಯಾಟ್ರಿಕರ ಹಬ್ಬವನ್ನು ಆಚರಿಸಲಾಗುತ್ತದೆ. ನಮ್ಮ ರಾಜ್ಯದ ರಾಜಧಾನಿ ಬೆಂಗಳೂರಿನಲ್ಲಿಯೂ ಈ ಸಂತರ ಹೆಸರಿನ ಹಳೆಯ ದೇವಾಲಯವಿದೆ. ಕರಾವಳಿಯ ಕ್ರೈಸ್ತ ಮನೆಗಳಲ್ಲಿ ಪ್ಯಾಟ್ರಿಕ್ ಎಂಬ ಹೆಸರು ಹೊಸದೇನಲ್ಲ. ಆದರೆ ಈ ಸಂತರ ಬಗ್ಗೆ ನಮಗೆ ಗೊತ್ತಿರುವುದೇನು ಎಂದು ಕೇಳಿದರೆ ಹೆಚ್ಚಿನವರು ಹೇಳುವುದು ಎರಡೇ ಸಂಗತಿ: ಅವರು ಐರ್ಲೆಂಡಿನಿಂದ ಹಾವುಗಳನ್ನು ಓಡಿಸಿದರು, ಮೂರೆಲೆಯ ಗಿಡ ತೋರಿಸಿ ತ್ರೈಏಕ ದೇವರ ರಹಸ್ಯವನ್ನು ಬೋಧಿಸಿದರು. ಈ ಎರಡಕ್ಕೂ ಇತಿಹಾಸದ ಆಧಾರವಿಲ್ಲ. ಹಾಗಾದರೆ ಆಧಾರವಿರುವುದು ಯಾವುದಕ್ಕೆ? ಪ್ಯಾಟ್ರಿಕ್, ಬ್ರಿಜಿಡ್, ಕೊಲಂಬಾ ಮುಂತಾದ ಸಂತರ ಹಾಗೂ ಅವರ ಕಾಲದ ಅರಸರ ಕುರಿತು ತಿಳಿದಿರುವ ಸಂಗತಿಗಳನ್ನು ಇಲ್ಲಿ ಸಂಗ್ರಹಿಸಿ ಕೊಡಲಾಗಿದೆ.

ಗೇಲಿಕ್ ನಾಡು ಮತ್ತು ಅದರ ಅರಸರು

ಗೇಲಿಕ್ ಎಂಬುದು ಐರ್ಲೆಂಡ್ ಮತ್ತು ಸ್ಕಾಟ್ಲೆಂಡಿನ ಪಶ್ಚಿಮ ಕರಾವಳಿಯಲ್ಲಿ ನೆಲೆಸಿದ್ದ ಜನರ ಭಾಷೆ. ರೋಮನ್ ಸಾಮ್ರಾಜ್ಯ ಬ್ರಿಟನ್ನನ್ನು ಗೆದ್ದರೂ ಐರ್ಲೆಂಡನ್ನು ಎಂದೂ ಆಳಲಿಲ್ಲ. ಅಲ್ಲಿ ಪಟ್ಟಣಗಳಿರಲಿಲ್ಲ, ರೋಮನ್ ರಸ್ತೆಗಳಿರಲಿಲ್ಲ. ದನಕರುಗಳೇ ಸಂಪತ್ತು. 'ತುವಾತ್' ಎಂದು ಕರೆಯಲಾಗುವ ಪುಟ್ಟ ಪುಟ್ಟ ಸೀಮೆಗಳಿಗೆ ಒಬ್ಬೊಬ್ಬ ಅರಸನಿದ್ದ. ಇಂತಹ ಅರಸರು ಒಂದೇ ಕಾಲಕ್ಕೆ ನೂರಕ್ಕೂ ಮಿಕ್ಕಿ ಇದ್ದರೆಂದು ಇತಿಹಾಸಕಾರರ ಅಂದಾಜು.

ಇವರೆಲ್ಲರಿಗಿಂತ ಮಿಗಿಲಾದ ಗೌರವ ಟಾರಾ ಬೆಟ್ಟದ ಅರಸನಿಗಿತ್ತು. ಮುಂದೆ ಈ ಪಟ್ಟವನ್ನು ಬಹುಕಾಲ ಹಿಡಿದವರು ಈ ನೀಲ್ ವಂಶದವರು. ಇವರ ಮೂಲಪುರುಷ 'ಒಂಬತ್ತು ಒತ್ತೆಯಾಳುಗಳ ನಿಯಾಲ್' ಎಂಬ ಅರಸ. ನಿಯಾಲ್ ಹೆಸರಿನಲ್ಲಿ ಕಥೆಗಳು ಹೇರಳವಾಗಿವೆ, ಸಮಕಾಲೀನ ಬರಹ ಒಂದೂ ಇಲ್ಲ. ಅವನ ವಂಶದ ಅರಸರು ಮಾತ್ರ ಇತಿಹಾಸದಲ್ಲಿ ಸ್ಪಷ್ಟವಾಗಿ ಕಾಣಸಿಗುತ್ತಾರೆ.

ಮೊದಲ ಧರ್ಮಾಧ್ಯಕ್ಷರು ಪ್ಯಾಟ್ರಿಕ್ ಅಲ್ಲ

ಐರ್ಲೆಂಡಿನ ಧರ್ಮಸಭೆಯ ಇತಿಹಾಸದಲ್ಲಿ ಖಚಿತವಾಗಿ ಸಿಗುವ ಮೊದಲ ಇಸವಿ 431. ಆ ವರ್ಷ ಪೋಪ್ ಒಂದನೇ ಸೆಲೆಸ್ಟೀನರು ಪಲ್ಲಾಡಿಯಸ್ ಎಂಬವರನ್ನು ಕ್ರಿಸ್ತರಲ್ಲಿ ವಿಶ್ವಾಸವಿಟ್ಟ ಐರಿಷ್ ಜನರಿಗೆ ಮೊದಲ ಧರ್ಮಾಧ್ಯಕ್ಷರನ್ನಾಗಿ ಕಳುಹಿಸಿದರೆಂದು ಅದೇ ಕಾಲದ ಲೇಖಕ ಪ್ರಾಸ್ಪರ್ ದಾಖಲಿಸಿದ್ದಾರೆ. ಅಂದರೆ ಅಷ್ಟು ಹೊತ್ತಿಗಾಗಲೇ ಅಲ್ಲಿ ಕ್ರೈಸ್ತರಿದ್ದರು. ಬ್ರಿಟನ್ನಿನಿಂದ ಬಂದ ವ್ಯಾಪಾರಿಗಳು, ಸೆರೆಯಾಳುಗಳಾಗಿ ಬಂದವರು ಅವರಲ್ಲಿ ಸೇರಿದ್ದಿರಬೇಕು. ಮುಂದಿನ ಶತಮಾನಗಳಲ್ಲಿ ಪ್ಯಾಟ್ರಿಕರ ಕೀರ್ತಿ ಬೆಳೆದಂತೆ ಪಲ್ಲಾಡಿಯಸರ ಹೆಸರು ಮರೆಯಾಯಿತು.

ಸಂತ ಪ್ಯಾಟ್ರಿಕ್: ಅವರದೇ ಬರಹದಲ್ಲಿ

ಪ್ಯಾಟ್ರಿಕರ ವಿಷಯದಲ್ಲಿ ನಾವು ಭಾಗ್ಯವಂತರು. ಅವರೇ ಲ್ಯಾಟಿನ್ ಭಾಷೆಯಲ್ಲಿ ಬರೆದ ಎರಡು ಬರಹಗಳು ಉಳಿದಿವೆ. ಒಂದು 'ನಿವೇದನೆ', ಇನ್ನೊಂದು ಕೊರೊಟಿಕಸ್ ಎಂಬ ಅರಸನ ಸೈನಿಕರಿಗೆ ಬರೆದ ಪತ್ರ.

ಅವರು ಹುಟ್ಟಿದ್ದು ಬ್ರಿಟನ್ನಿನಲ್ಲಿ. ತಂದೆ ಕಲ್ಪೋರ್ನಿಯಸ್ ಉಪಯಾಜಕರು, ಅಜ್ಜ ಪೊಟಿಟಸ್ ಯಾಜಕರು. ಹದಿನಾರು ತುಂಬುವ ಹೊತ್ತಿಗೆ ಕಡಲ್ಗಳ್ಳರು ಅವರನ್ನು ಸೆರೆಹಿಡಿದು ಐರ್ಲೆಂಡಿಗೆ ಒಯ್ದರು. ಆರು ವರ್ಷ ದಾಸನಾಗಿ ಮಂದೆ ಕಾಯ್ದರು. ಮನೆಯಲ್ಲಿದ್ದಾಗ ದೇವರ ಗೊಡವೆ ಇಲ್ಲದಿದ್ದ ಹುಡುಗ ಆ ಮಳೆ ಚಳಿಯಲ್ಲಿ ಪ್ರಾರ್ಥನೆ ಕಲಿತ. ಕೊನೆಗೆ ತಪ್ಪಿಸಿಕೊಂಡು ಹಡಗು ಹತ್ತಿ ಊರು ಸೇರಿದ. ಆದರೆ ಐರಿಷ್ ಜನರು ತನ್ನನ್ನು ಮರಳಿ ಕರೆಯುವ ಕನಸು ಬಿತ್ತೆಂದೂ, ಧರ್ಮಾಧ್ಯಕ್ಷನಾಗಿ ಅದೇ ನಾಡಿಗೆ ಹಿಂದಿರುಗಿದೆನೆಂದೂ ಅವರು ಬರೆಯುತ್ತಾರೆ. ಅರಸರಿಗೆ ಕಾಣಿಕೆ ಕೊಟ್ಟು ದಾರಿ ಮಾಡಿಕೊಳ್ಳಬೇಕಾಗಿತ್ತು, ಅರಸುಮಕ್ಕಳನ್ನು ಜೊತೆಗೆ ಕರೆದೊಯ್ಯಬೇಕಾಗಿತ್ತು. ಒಮ್ಮೆ ಸಂಕೋಲೆ ಹಾಕಿ ಬಂಧಿಸಿದರು, ಹದಿನಾಲ್ಕನೇ ದಿನ ಬಿಡುಗಡೆಯಾಯಿತು.

ಎರಡನೇ ಬರಹ ಇನ್ನೂ ಮನಕಲಕುವಂಥದ್ದು. ದೀಕ್ಷಾಸ್ನಾನ ಪಡೆದು ಇನ್ನೂ ಬಿಳಿ ವಸ್ತ್ರದಲ್ಲಿದ್ದ, ಹಣೆಯ ಮೇಲಿನ ಪವಿತ್ರ ತೈಲದ ಪರಿಮಳ ಆರದಿದ್ದ ತಮ್ಮ ಜನರನ್ನು ಕೊರೊಟಿಕಸನ ಸೈನಿಕರು ಕೊಂದರು. ಉಳಿದವರನ್ನು ದಾಸರನ್ನಾಗಿ ಮಾರಲು ಒಯ್ದರು. ಈ ಸೈನಿಕರು ಹೆಸರಿಗೆ ಕ್ರೈಸ್ತರೇ. ಪ್ಯಾಟ್ರಿಕರು ಅವರನ್ನು ಸಭೆಯಿಂದ ಬಹಿಷ್ಕರಿಸಿ, ಸೆರೆಯಾಳುಗಳನ್ನು ಬಿಡುವ ತನಕ ಯಾರೂ ಅವರೊಂದಿಗೆ ಊಟ ಮಾಡಬಾರದೆಂದು ಬಹಿರಂಗ ಪತ್ರ ಬರೆದರು. ತಾವೇ ದಾಸರಾಗಿದ್ದ ಧರ್ಮಾಧ್ಯಕ್ಷರೊಬ್ಬರು ಬರೆದ ಪತ್ರವಿದು.

ಈ ಬರಹಗಳಲ್ಲಿ ಇಸವಿಗಳಿಲ್ಲ. ಅವರು 432ರಲ್ಲಿ ಬಂದರೆಂದೂ 461 ಅಥವಾ 493ರಲ್ಲಿ ತೀರಿಕೊಂಡರೆಂದೂ ಹೇಳುವುದು ನಂತರದ ವಾರ್ಷಿಕ ವೃತ್ತಾಂತಗಳು. ಐದನೇ ಶತಮಾನದವರು ಎಂಬಷ್ಟನ್ನು ಧೈರ್ಯವಾಗಿ ಹೇಳಬಹುದು.

ಟಾರಾ ಬೆಟ್ಟದ ಬೆಂಕಿ

ಪ್ಯಾಟ್ರಿಕರು ತೀರಿಕೊಂಡು ಸುಮಾರು ಎರಡು ನೂರು ವರ್ಷಗಳ ನಂತರ, ಏಳನೇ ಶತಮಾನದ ಕೊನೆಯ ಭಾಗದಲ್ಲಿ ಮುರ್ಖೂ ಮತ್ತು ಟಿರೆಖಾನ್ ಎಂಬ ಇಬ್ಬರು ಅವರ ಬಗ್ಗೆ ಬರೆದರು. ಪ್ರಸಿದ್ಧವಾದ ಪಾಸ್ಖ ಬೆಂಕಿಯ ಕಥೆ ಮುರ್ಖೂ ಬರೆದದ್ದು. ಟಾರಾದಲ್ಲಿ ನಿಯಾಲನ ಮಗ ಲೋಯ್ಗರೆ ಅರಸನಾಗಿದ್ದ. ಹಬ್ಬದ ರಾತ್ರಿ ಅರಮನೆಯ ಬೆಂಕಿಗೆ ಮೊದಲು ಬೇರಾರೂ ಬೆಂಕಿ ಹೊತ್ತಿಸಬಾರದೆಂಬ ಕಟ್ಟಳೆ. ಪ್ಯಾಟ್ರಿಕರು ಎದುರಿನ ಸ್ಲೇನ್ ಬೆಟ್ಟದಲ್ಲಿ ಪಾಸ್ಖದ ಬೆಂಕಿ ಹೊತ್ತಿಸಿದರು. ಅರಸ ಕೆರಳಿದ, ಮಂತ್ರವಾದಿಗಳು ಸೋತರು, ಕೊನೆಗೆ ಅರಸ ಹೆದರಿ ವಿಶ್ವಾಸ ಒಪ್ಪಿಕೊಂಡ.

ಸ್ವಾರಸ್ಯವೆಂದರೆ ಅದೇ ಕಾಲದ ಟಿರೆಖಾನ್ ಬೇರೆಯೇ ಹೇಳುತ್ತಾರೆ. ಅವರ ಪ್ರಕಾರ ಲೋಯ್ಗರೆ ಕ್ರೈಸ್ತನಾಗಲೇ ಇಲ್ಲ. ತಂದೆ ನಿಯಾಲನ ಮಾತಿನಂತೆ ಆಯುಧಧಾರಿಯಾಗಿ, ಶತ್ರುಗಳ ಕಡೆ ಮುಖಮಾಡಿ ನಿಂತ ಭಂಗಿಯಲ್ಲೇ ಟಾರಾದಲ್ಲಿ ಹೂಳಲ್ಪಡಬೇಕೆಂದು ಅವನ ಹಟ. ಸ್ವತಃ ಪ್ಯಾಟ್ರಿಕರು ಲೋಯ್ಗರೆಯ ಹೆಸರನ್ನೇ ಎತ್ತುವುದಿಲ್ಲ. ಆರ್ಮಾ ಪೀಠವೇ ಐರ್ಲೆಂಡಿನ ಎಲ್ಲ ದೇವಾಲಯಗಳಿಗೆ ಹಿರಿದು ಎಂದು ಸ್ಥಾಪಿಸುವ ಪ್ರಯತ್ನ ನಡೆಯುತ್ತಿದ್ದ ಕಾಲವದು. ಸಂತರು ಅರಸನನ್ನೇ ಗೆದ್ದರು ಎಂಬ ಕಥೆ ಆ ವಾದಕ್ಕೆ ಬಲ ನೀಡಿತು. ಸುಮಾರು 807ರಲ್ಲಿ ಫೆರ್ದೊಮ್ನಾಕ್ ಎಂಬ ಲಿಪಿಕಾರರು ಬರೆದ 'ಆರ್ಮಾ ಗ್ರಂಥ'ದಲ್ಲಿ ಪ್ಯಾಟ್ರಿಕರ ನಿವೇದನೆಯೂ ಈ ಇಬ್ಬರ ಬರಹಗಳೂ ಒಟ್ಟಿಗೇ ಇವೆ.

ಇನ್ನು ಹಾವುಗಳ ವಿಷಯ. ಐರ್ಲೆಂಡಿನಲ್ಲಿ ಹಾವುಗಳಿಲ್ಲವೆಂದು ಪ್ಯಾಟ್ರಿಕರಿಗಿಂತ ಮೊದಲೇ ರೋಮನ್ ಲೇಖಕ ಸೊಲಿನಸ್ ಬರೆದಿದ್ದ. ಹಿಮಯುಗದ ನಂತರ ಸಮುದ್ರ ಅಡ್ಡವಾದ ಕಾರಣ ಅವು ಅಲ್ಲಿಗೆ ತಲುಪಲೇ ಇಲ್ಲ. ಮೂರೆಲೆಯ ಶಾಮ್ರಾಕ್ ಗಿಡದ ಕಥೆ ಬರಹದಲ್ಲಿ ಕಾಣಿಸಿಕೊಳ್ಳುವುದು ಹದಿನೆಂಟನೇ ಶತಮಾನದಲ್ಲಿ.

ಸಂತ ಬ್ರಿಜಿಡ್: ದೇವತೆಯೋ, ಮಠಾಧ್ಯಕ್ಷೆಯೋ?

ಫೆಬ್ರವರಿ 1ರಂದು ಕಿಲ್ಡೇರಿನ ಸಂತ ಬ್ರಿಜಿಡರ ಹಬ್ಬ. ಅವರು ಸುಮಾರು 525ರಲ್ಲಿ ತೀರಿಕೊಂಡರೆಂದು ಹೇಳಲಾಗುತ್ತದೆ. ಕ್ರೈಸ್ತಪೂರ್ವ ಐರ್ಲೆಂಡಿನಲ್ಲಿ ಇದೇ ಹೆಸರಿನ ದೇವತೆಯೊಬ್ಬಳಿದ್ದಳು. ಸುಮಾರು 900ರ 'ಕೊರ್ಮಾಕನ ನಿಘಂಟು' ಅವಳನ್ನು ಕವಿಗಳು ಪೂಜಿಸುತ್ತಿದ್ದ ದೇವತೆ ಎನ್ನುತ್ತದೆ. ಇದರಿಂದಾಗಿ ಸಂತ ಬ್ರಿಜಿಡ್ ಎಂಬವರು ಇರಲೇ ಇಲ್ಲ, ದೇವತೆಯನ್ನೇ ಸಂತಳನ್ನಾಗಿ ಮಾಡಲಾಯಿತು ಎಂದು ವಾದಿಸುವವರಿದ್ದಾರೆ. ಈ ಪ್ರಶ್ನೆಗೆ ಎಲ್ಲರೂ ಒಪ್ಪುವ ಉತ್ತರ ಸಿಕ್ಕಿಲ್ಲ.

ಆದರೆ ಕಿಲ್ಡೇರಿನ ಮಠ ಮಾತ್ರ ಕಟ್ಟುಕಥೆಯಲ್ಲ. ಏಳನೇ ಶತಮಾನದಲ್ಲಿ ಕೊಗಿಟೋಸಸ್ ಎಂಬವರು ಬ್ರಿಜಿಡರ ಚರಿತ್ರೆ ಬರೆದಾಗ ಅಲ್ಲಿನ ದೊಡ್ಡ ದೇವಾಲಯವನ್ನು ವರ್ಣಿಸಿದ್ದಾರೆ. ಗಂಡಸರಿಗೊಂದು, ಹೆಂಗಸರಿಗೊಂದು ಬಾಗಿಲು; ನಡುವೆ ಅಡ್ಡಗೋಡೆ; ಬಲಿಪೀಠದ ಎರಡು ಬದಿಗೆ ಬ್ರಿಜಿಡರ ಮತ್ತು ಧರ್ಮಾಧ್ಯಕ್ಷ ಕೊನ್ಲೆತರ ಅಲಂಕೃತ ಸಮಾಧಿಗಳು. ಕೊನ್ಲೆತರನ್ನು ಆರಿಸಿ ಕರೆತಂದವರು ಬ್ರಿಜಿಡರೇ ಎಂದು ಅವರು ಬರೆಯುತ್ತಾರೆ. ಮಹಿಳೆಯೊಬ್ಬರ ನಾಯಕತ್ವವನ್ನು ಇಷ್ಟು ಗೌರವದಿಂದ ನೆನೆದ ಸಭೆ ಆ ಕಾಲದ ಯುರೋಪಿನಲ್ಲಿ ಅಪರೂಪ. 2023ರಿಂದ ಐರ್ಲೆಂಡಿನಲ್ಲಿ ಬ್ರಿಜಿಡರ ಹಬ್ಬಕ್ಕೆ ಸಾರ್ವಜನಿಕ ರಜೆ ನೀಡಲಾಗುತ್ತಿದೆ.

ಸಂತ ಕೊಲಂಬಾ ಮತ್ತು ಅರಸ ದಿಯರ್ಮಾದ್

ಸುಮಾರು 521ರಲ್ಲಿ ಹುಟ್ಟಿದ ಕೊಲಂಬಾ ನಿಯಾಲನ ವಂಶದವರೇ. ಸನ್ಯಾಸಿಯಾಗದಿದ್ದರೆ ಅರಸನಾಗಬಹುದಿತ್ತು. ಅವರ ಕುರಿತ ಪ್ರಸಿದ್ಧ ಕಥೆ ಹೀಗಿದೆ: ಗುರು ಫಿನ್ನಿಯನರ ಕೀರ್ತನೆಗಳ ಗ್ರಂಥವನ್ನು ಕೊಲಂಬಾ ಗುಟ್ಟಾಗಿ ನಕಲು ಮಾಡಿದರು. ನಕಲು ಯಾರಿಗೆ ಸೇರಬೇಕೆಂಬ ವ್ಯಾಜ್ಯ ಅರಸ ದಿಯರ್ಮಾದನ ಮುಂದೆ ಬಂತು. ಹಸುವಿನ ಒಡೆಯನಿಗೇ ಕರು ಸೇರುವ ಹಾಗೆ ಗ್ರಂಥದ ಒಡೆಯನಿಗೇ ನಕಲೂ ಸೇರಬೇಕೆಂದು ಅರಸ ತೀರ್ಪಿತ್ತ. ಸಿಟ್ಟಾದ ಕೊಲಂಬಾರ ಬಂಧುಗಳು ಕೂಲ್ ದ್ರೆಮ್ನೆ ಎಂಬಲ್ಲಿ ಯುದ್ಧ ಮಾಡಿ ಅರಸನನ್ನು ಸೋಲಿಸಿದರು.

ಸುಮಾರು 561ರಲ್ಲಿ ಆ ಯುದ್ಧ ನಡೆದದ್ದು ನಿಜ. ಅರಸ ಸೋತದ್ದೂ ನಿಜ. ಗ್ರಂಥದ ವ್ಯಾಜ್ಯದ ವಿವರವಾದ ಕಥೆ ಮಾತ್ರ 1532ರಲ್ಲಿ ಮಾನಸ್ ಓ'ಡೊನೆಲ್ ಸಿದ್ಧಪಡಿಸಿದ ಚರಿತ್ರೆಯಿಂದ ಪ್ರಚಾರಕ್ಕೆ ಬಂತು. ಆ ನಕಲೇ ಇದು ಎಂದು ನಂಬಲಾದ 'ಕಾಹಕ್' ಎಂಬ ಪುರಾತನ ಕೀರ್ತನೆಗಳ ಹಸ್ತಪ್ರತಿ ಡಬ್ಲಿನ್ನಿನ ರಾಯಲ್ ಐರಿಷ್ ಅಕಾಡೆಮಿಯಲ್ಲಿದೆ. ಯುದ್ಧಕ್ಕೆ ಹೋಗುವಾಗ ಓ'ಡೊನೆಲ್ ಮನೆತನದವರು ಅದನ್ನು ಒಯ್ಯುತ್ತಿದ್ದರು. ದಿಯರ್ಮಾದನೂ ಅರ್ಧ ಐತಿಹ್ಯ, ಅರ್ಧ ಇತಿಹಾಸ. ಟಾರಾದ ಹಳೆಯ ಪಟ್ಟದ ಹಬ್ಬವನ್ನು ನಡೆಸಿದ ಕೊನೆಯ ಅರಸ ಅವನೇ. ಸಂತ ರುವದಾನರ ಶಾಪದಿಂದ ಟಾರಾ ಹಾಳಾಯಿತೆಂಬ ಕಥೆಯೂ ಅವನ ಹೆಸರಿಗೇ ಅಂಟಿಕೊಂಡಿದೆ.

563ರಲ್ಲಿ ಕೊಲಂಬಾ ಸ್ಕಾಟ್ಲೆಂಡಿನ ಬದಿಗೆ ಬಂದು ಅಯೋನಾ ದ್ವೀಪದಲ್ಲಿ ಮಠ ಕಟ್ಟಿದರು. 597ರ ಜೂನ್ 9ರಂದು ಅಲ್ಲಿಯೇ ತೀರಿಕೊಂಡರು. ದಾಲ್ ರಿಯಾಟಾದ ಅರಸ ಆಯ್ದಾನನಿಗೆ ಅವರು ಕೈಯಿಟ್ಟು ಪಟ್ಟ ಕಟ್ಟಿದರೆಂದು ಅವರ ಚರಿತ್ರೆ ಹೇಳುತ್ತದೆ. ಅದೇ ಅಯೋನಾದಿಂದ 635ರಲ್ಲಿ ಸಂತ ಐಡನ್ ಉತ್ತರ ಇಂಗ್ಲೆಂಡಿಗೆ ಸುವಾರ್ತೆ ಒಯ್ದರು.

ಅಡಮ್ನಾನರ ಕಾನೂನು

ಕೊಲಂಬಾರ ಚರಿತ್ರೆ ಬರೆದವರು ಅಯೋನಾದ ಒಂಬತ್ತನೇ ಮಠಾಧಿಪತಿ ಸಂತ ಅಡಮ್ನಾನ್. ಅವರ ಇನ್ನೊಂದು ಕೆಲಸ ಹೆಚ್ಚಿನವರಿಗೆ ತಿಳಿದಿಲ್ಲ. 697ರಲ್ಲಿ ಐರ್ಲೆಂಡಿನ ಬಿರ್ ಎಂಬಲ್ಲಿ ಅರಸರನ್ನೂ ಧರ್ಮಾಧ್ಯಕ್ಷರನ್ನೂ ಸೇರಿಸಿ ಅವರು 'ನಿರಪರಾಧಿಗಳ ಕಾನೂನು' ಜಾರಿಗೆ ತಂದರು. ಯುದ್ಧದಲ್ಲಿ ಹೆಂಗಸರು, ಮಕ್ಕಳು ಮತ್ತು ಧರ್ಮಸೇವಕರನ್ನು ಕೊಲ್ಲಬಾರದು. ಕೊಂದರೆ ಭಾರೀ ದಂಡ. ಜಾಮೀನು ನಿಂತವರ ಪಟ್ಟಿಯಲ್ಲಿ 91 ಹೆಸರುಗಳಿವೆ. ಧರ್ಮಸೇವಕರಲ್ಲಿ ಮೊದಲ ಹೆಸರು ಆರ್ಮಾದ ಫ್ಲಾನ್ ಫೆಬ್ಲಾ, ಅರಸರಲ್ಲಿ ಮೊದಲ ಹೆಸರು ಟಾರಾದ ಲೋಂಗ್ಸೆಕ್. ಪಿಕ್ಟ್ ಜನರ ಅರಸ ಬ್ರುದೆ ಕೂಡ ಇದ್ದಾನೆ. ಯುದ್ಧಕಾಲದಲ್ಲಿ ಅಮಾಯಕರನ್ನು ರಕ್ಷಿಸಲು ಯುರೋಪಿನಲ್ಲಿ ನಡೆದ ಬಹು ಹಳೆಯ ಪ್ರಯತ್ನಗಳಲ್ಲಿ ಇದೊಂದು.

ಅರಸನೂ ಧರ್ಮಾಧ್ಯಕ್ಷನೂ ಒಬ್ಬನೇ ಆದಾಗ

ಮನ್ಸ್ಟರಿನ ಕ್ಯಾಶೆಲಿನಲ್ಲಿ ಕೊರ್ಮಾಕ್ ಮಕ್ ಕುಲೆನಾನ್ ಅರಸನೂ ಹೌದು, ಧರ್ಮಾಧ್ಯಕ್ಷನೂ ಹೌದು. ಮೇಲೆ ಹೇಳಿದ ನಿಘಂಟು ಇವರ ಹೆಸರಿನದೇ. ದೊಡ್ಡ ವಿದ್ವಾಂಸರು. ಆದರೆ 908ರಲ್ಲಿ ಅರಸ ಫ್ಲಾನ್ ಸಿನ್ನಾನ ವಿರುದ್ಧ ಬೆಲಕ್ ಮುಗ್ನಾ ಎಂಬಲ್ಲಿ ಯುದ್ಧಕ್ಕೆ ಹೋಗಿ ಸತ್ತರು. ಅವರನ್ನು ಯುದ್ಧಕ್ಕೆ ಹುರಿದುಂಬಿಸಿದವರು ಫ್ಲೆಯ್ಬರ್ತಕ್ ಎಂಬ ಮಠಾಧಿಪತಿ ಎಂದು ವೃತ್ತಾಂತಗಳು ದೂರುತ್ತವೆ. ಕತ್ತರಿಸಿದ ತಲೆಯನ್ನು ತಂದಾಗ ಫ್ಲಾನ್ ಹಿಗ್ಗದೆ, ಪವಿತ್ರ ಪುರುಷನ ತಲೆ ಕಡಿದವರನ್ನು ಬೈದು, ಅದಕ್ಕೆ ಮುತ್ತಿಟ್ಟನೆಂದು ಐತಿಹ್ಯ. ಕ್ಲೊನ್‌ಮ್ಯಾಕ್‌ನೋಯ್ಸಿನ ಪ್ರಸಿದ್ಧ ಶಿಲಾ ಶಿಲುಬೆಯ ಮೇಲೆ ಇದೇ ಫ್ಲಾನನ ಹೆಸರಿದೆ. ಕಿರೀಟ ಮತ್ತು ಧರ್ಮದಂಡ ಒಂದೇ ಕೈಯಲ್ಲಿದ್ದರೆ ಆಗುವ ಅಪಾಯಕ್ಕೆ ಕೊರ್ಮಾಕರ ಸಾವೇ ಸಾಕ್ಷಿ.

1005ರಲ್ಲಿ ಅರಸ ಬ್ರಿಯಾನ್ ಬೋರು ಆರ್ಮಾಕ್ಕೆ ಬಂದು ಬಲಿಪೀಠದ ಮೇಲೆ 20 ಔನ್ಸ್ ಚಿನ್ನವಿಟ್ಟ. ಅವನನ್ನು ಐರಿಷರ ಚಕ್ರವರ್ತಿ ಎಂದು ಆರ್ಮಾ ಗ್ರಂಥದಲ್ಲಿ ಬರೆಸಲಾಯಿತು. 1014ರ ಶುಭ ಶುಕ್ರವಾರದಂದು ಕ್ಲೊಂಟಾರ್ಫ್ ಯುದ್ಧದಲ್ಲಿ ಮಡಿದ ಅವನನ್ನು ಆರ್ಮಾದಲ್ಲೇ ಹೂಳಲಾಯಿತು.

ಧರ್ಮಸಭೆಗೆ ಉಳಿದ ಕೊಡುಗೆ

ಆ ಕಾಲದಲ್ಲಿ ಮಠಾಧಿಪತಿಗಳ ಪ್ರಭಾವ ಅನೇಕ ಕಡೆ ಧರ್ಮಾಧ್ಯಕ್ಷರಿಗಿಂತ ಹೆಚ್ಚಾಗಿತ್ತು. ಇಂದು ನಾವು ಕಾಣುವಂತಹ ಗಡಿ ಗೊತ್ತುಪಡಿಸಿದ ಧರ್ಮಪ್ರಾಂತ್ಯಗಳು ಅಲ್ಲಿ ರೂಪುಗೊಂಡದ್ದು 1111ರ ರಾತ್ ಬ್ರೆಸಲ್ ಮತ್ತು 1152ರ ಕೆಲ್ಸ್ ಧರ್ಮಸಮ್ಮೇಳನಗಳಲ್ಲಿ. ಪ್ಯಾಟ್ರಿಕ್, ಬ್ರಿಜಿಡ್, ಕೊಲಂಬಾ ಇವರಾರನ್ನೂ ಪೋಪರು ವಿಧಿಪೂರ್ವಕವಾಗಿ ಸಂತರೆಂದು ಸಾರಲಿಲ್ಲ. ಆ ಪದ್ಧತಿ ಆಗಿನ್ನೂ ಬಂದಿರಲಿಲ್ಲ. ಜನರ ಭಕ್ತಿಯೇ ಅವರನ್ನು ಸಂತರೆಂದು ಸಾರಿತು. ಪೋಪರಿಂದ ಹಾಗೆ ಸಾರಲ್ಪಟ್ಟ ಮೊದಲ ಐರಿಷ್ ಸಂತರು ಆರ್ಮಾದ ಮಲಾಕಿ, 1190ರಲ್ಲಿ.

ಇನ್ನೊಂದು ಕೊಡುಗೆಯನ್ನು ನಾವು ಪ್ರತಿ ತಪಸ್ಸು ಕಾಲದಲ್ಲೂ ಅನುಭವಿಸುತ್ತೇವೆ. ಗುರುಗಳ ಬಳಿ ಒಬ್ಬೊಬ್ಬರೇ ಗುಟ್ಟಾಗಿ, ಮತ್ತೆ ಮತ್ತೆ ಪಾಪನಿವೇದನೆ ಮಾಡುವ ಪದ್ಧತಿ ಯುರೋಪಿನಲ್ಲಿ ಹಬ್ಬಲು ಐರಿಷ್ ಸನ್ಯಾಸಿಗಳು ಮುಖ್ಯ ಕಾರಣ. 615ರಲ್ಲಿ ಇಟಲಿಯ ಬೊಬ್ಬಿಯೋದಲ್ಲಿ ತೀರಿಕೊಂಡ ಸಂತ ಕೊಲಂಬಾನಸ್ ಅವರಲ್ಲಿ ಪ್ರಮುಖರು. ಅರಸನ ಅಕ್ರಮ ಸಂತಾನವನ್ನು ಆಶೀರ್ವದಿಸಲು ಒಪ್ಪದೆ ಫ್ರಾನ್ಸಿನ ತಮ್ಮ ಮಠದಿಂದ ಹೊರದಬ್ಬಿಸಿಕೊಂಡವರು ಇವರು.

ಐತಿಹ್ಯವನ್ನು ಹೇಗೆ ಓದಬೇಕು?

ಹಾವಿನ ಕಥೆ ನಿಜವಲ್ಲ ಎಂದ ಕೂಡಲೇ ಕೆಲವರಿಗೆ ವಿಶ್ವಾಸಕ್ಕೆ ಪೆಟ್ಟು ಬಿದ್ದಂತೆ ಅನಿಸುತ್ತದೆ. ಅಂತಹ ಭಯ ಬೇಡ. ಬರೆದವರ ಕಾಲಕ್ಕೆ ಯಾವುದು ಮುಖ್ಯವಾಗಿತ್ತು ಎಂಬುದನ್ನು ಐತಿಹ್ಯ ತಿಳಿಸುತ್ತದೆ. ಆರ್ಮಾಕ್ಕೆ ಹಿರಿತನ ಬೇಕಿತ್ತು, ಅರಸರಿಗೆ ಸಂತರ ಆಶೀರ್ವಾದ ಬೇಕಿತ್ತು, ಜನರಿಗೆ ಅದ್ಭುತ ಬೇಕಿತ್ತು. ಅವುಗಳನ್ನೆಲ್ಲ ಬದಿಗಿಟ್ಟ ಮೇಲೂ ಉಳಿಯುವ ಪ್ಯಾಟ್ರಿಕ್ ಕಥೆಯ ಪ್ಯಾಟ್ರಿಕರಿಗಿಂತ ದೊಡ್ಡವರು. ತನ್ನನ್ನು ದಾಸನನ್ನಾಗಿ ಮಾಡಿದ ಜನರ ಬಳಿಗೇ ಹಿಂದಿರುಗಿದ, ಸೆರೆಹೋದ ಬಡವರಿಗಾಗಿ ಅರಸನ ಸೈನ್ಯವನ್ನೇ ಎದುರು ಹಾಕಿಕೊಂಡ ಮನುಷ್ಯ ಅವರು. ಮುಂದಿನ ಮಾರ್ಚ್ 17ರಂದು ಮಕ್ಕಳಿಗೆ ಕಥೆ ಹೇಳುವಾಗ ಹಾವುಗಳ ಜೊತೆಗೆ ಆ ಪತ್ರದ ಕಥೆಯನ್ನೂ ಹೇಳೋಣ.