ಪೈಪಿನ 'ಢಬ್' ಸದ್ದಿಗೆ ಇನ್ನೂರೈವತ್ತು ವರ್ಷದ ಇತಿಹಾಸ

ನಲ್ಲಿ ನಿಲ್ಲಿಸಿದ ಕೂಡಲೇ ಗೋಡೆಯ ಪೈಪಿನಲ್ಲಿ 'ಢಬ್' ಅನ್ನುವ ಸದ್ದು. ಮನೆಮನೆಗೆ ನಲ್ಲಿ ಬಂದ ಊರುಗಳಿಗೆ ವರದಿಗೆ ಹೋದಾಗ ನಾವು ಈ ದೂರು ಕೇಳುತ್ತಲೇ ಇರುತ್ತೇವೆ. ಪೈಪಿಗೆ ಗಾಳಿ ಸೇರಿದೆ ಅನ್ನುವವರೇ ಹೆಚ್ಚು. ಆದರೆ ನಲ್ಲಿ ನಿಲ್ಲಿಸಿದಾಗ ಬರುವ ಏಟು ಗಾಳಿಯದಲ್ಲ, ನೀರಿನದು.

ಓಡುವ ಗಾಡಿಗೆ ಗಕ್ಕನೆ ಬ್ರೇಕ್ ಹಾಕಿದರೆ ಹಿಂದಿನ ಮೂಟೆಗಳು ಮುಂದಕ್ಕೆ ನುಗ್ಗುತ್ತವೆ. ಪೈಪಿನಲ್ಲಿ ಓಡುವ ನೀರೂ ಹಾಗೆಯೇ. ದಾರಿ ಮುಚ್ಚಿದರೆ ಅದು ನಲ್ಲಿಗೆ ಗುದ್ದುತ್ತದೆ, ಆ ಒತ್ತಡ ಪೈಪಿನುದ್ದಕ್ಕೂ ಹಿಂದೆ ಮುಂದೆ ಓಡಾಡುತ್ತದೆ. ಇದಕ್ಕೆ ವಾಟರ್ ಹ್ಯಾಮರ್, ಅಂದರೆ ನೀರಿನ ಸುತ್ತಿಗೆ ಎಂದು ಹೆಸರು.

ಈ ಏಟನ್ನು ಮೊದಲು ಕೆಲಸಕ್ಕೆ ಹಚ್ಚಿದವರಲ್ಲಿ ಒಬ್ಬ ಗಡಿಯಾರ ಮಾಡುವವನು, ಇಂಗ್ಲೆಂಡಿನ ಜಾನ್ ವೈಟ್‌ಹರ್ಸ್ಟ್. 1772ರಲ್ಲಿ ಅವನು ಒಂದು ದೊಡ್ಡ ಮನೆಯಲ್ಲಿ ಹೊಸ ಏರ್ಪಾಡು ಮಾಡಿದ. ಅಡುಗೆಮನೆಯ ನಲ್ಲಿ ನಿಲ್ಲಿಸಿದಾಗಲೆಲ್ಲ ಆ ಗುದ್ದಿಗೆ ಸ್ವಲ್ಪ ನೀರು ಮೇಲಿನ ತೊಟ್ಟಿಗೆ ಏರುತ್ತಿತ್ತು. ಬಿಸಿಗಾಳಿ ಬಲೂನು ಹಾರಿಸಿದ ಫ್ರಾನ್ಸಿನ ಸೋದರರಲ್ಲಿ ಒಬ್ಬನಾದ ಜೋಸೆಫ್ ಮಾಂಟ್‌ಗಾಲ್ಫಿಯೆ, 1796ರಲ್ಲಿ ತಾನಾಗಿಯೇ ತೆರೆದು ಮುಚ್ಚುವ ವಾಲ್ವ್ ಜೋಡಿಸಿದ. ಕರೆಂಟು, ಡೀಸೆಲ್ ಬೇಡದೆ ನೀರೆತ್ತುವ 'ಹೈಡ್ರಾಲಿಕ್ ರ‍್ಯಾಮ್' ಹುಟ್ಟಿದ್ದು ಹೀಗೆ. ಗುಡ್ಡಗಾಡಿನ ತೊರೆಗಳಲ್ಲಿ ಅದು ಇಂದಿಗೂ ಟಕ್ ಟಕ್ ಎಂದು ನೀರೆತ್ತುತ್ತದೆ.

ನಗರಗಳಿಗೆ ದೊಡ್ಡ ಪೈಪ್‌ಲೈನ್ ಬಂದ ಮೇಲೆ ಇದೇ ಏಟು ಪೈಪುಗಳನ್ನು ಒಡೆಯತೊಡಗಿತು. 1897-98ರಲ್ಲಿ ಮಾಸ್ಕೋದಲ್ಲಿ ನಿಕೊಲಾಯ್ ಝುಕೋವ್‌ಸ್ಕಿ ಉದ್ದುದ್ದ ಪೈಪು ಹಾಕಿ ಪರೀಕ್ಷೆ ನಡೆಸಿ ಲೆಕ್ಕದ ಸೂತ್ರ ಕೊಟ್ಟರು. ಆ ಲೆಕ್ಕದಂತೆ, ಕಬ್ಬಿಣದ ಪೈಪಿನಲ್ಲಿ ಸೆಕೆಂಡಿಗೆ 1 ಮೀಟರ್ ವೇಗದ ನೀರನ್ನು ಒಮ್ಮೆಲೇ ನಿಲ್ಲಿಸಿದರೆ ಸುಮಾರು 100 ಮೀಟರ್ ಎತ್ತರದ ಟ್ಯಾಂಕಿನಷ್ಟು ಒತ್ತಡ ಹೆಚ್ಚಾಗುತ್ತದೆ. ಪಿವಿಸಿ ಪೈಪು ಸ್ವಲ್ಪ ಹಿಗ್ಗುವುದರಿಂದ ಅದರಲ್ಲಿ ಏಟು ಅರ್ಧಕ್ಕಿಂತ ಕಡಿಮೆ. ಆದರೂ ದಿನಾ ಬೀಳುವ ಏಟಿಗೆ ಜಾಯಿಂಟ್ ಸಡಿಲವಾಗಿ ಸೋರುತ್ತದೆ. ಎರಡು ದಿನಕ್ಕೊಮ್ಮೆ ನೀರು ಬಿಡುವ ಊರಿನಲ್ಲಿ ಆ ಸೋರಿಕೆ ಸಣ್ಣ ನಷ್ಟವಲ್ಲ.

ಮದ್ದೂ ಆ ಲೆಕ್ಕದಲ್ಲೇ ಇದೆ: ನೀರನ್ನು ನಿಧಾನವಾಗಿ ನಿಲ್ಲಿಸಿ. ಹಳೆಯ ತಿರುಪಿನ ನಲ್ಲಿ ಮುಚ್ಚಲು ಹಲವು ಸುತ್ತು ಬೇಕಿತ್ತು, ಹಾಗಾಗಿ ಸದ್ದು ಕಡಿಮೆ. ಈಗಿನ ಹಿಡಿಕೆಯ ನಲ್ಲಿ ಕಾಲು ಸುತ್ತಿಗೇ ಮುಚ್ಚಿಕೊಳ್ಳುತ್ತದೆ. ಅದನ್ನು ಎರಡು ಮೂರು ಸೆಕೆಂಡು ತೆಗೆದುಕೊಂಡು ಮುಚ್ಚಿ. ಗೋಡೆಯಲ್ಲಿ ಅಲುಗಾಡುವ ಪೈಪಿಗೆ ಕ್ಲಾಂಪ್ ಹಾಕಿಸಿ. ಆಗಲೂ ಸದ್ದು ನಿಲ್ಲದಿದ್ದರೆ ನಲ್ಲಿಯ ಹತ್ತಿರ 'ಟಿ' ಹಾಕಿಸಿ, ತುದಿ ಮುಚ್ಚಿದ ಒಂದಡಿ ಪೈಪನ್ನು ನೆಟ್ಟಗೆ ಮೇಲಕ್ಕೆ ನಿಲ್ಲಿಸಬಹುದು. ಅದರೊಳಗಿನ ಗಾಳಿ ಮೆತ್ತೆಯಂತೆ ಏಟು ತಡೆಯುತ್ತದೆ. ಆ ಗಾಳಿ ಕ್ರಮೇಣ ನೀರಿನಲ್ಲಿ ಕರಗಿಹೋಗುವುದರಿಂದ ಆಗಾಗ ಪೈಪು ಪೂರ್ತಿ ಖಾಲಿ ಮಾಡಬೇಕು.

ನಲ್ಲಿ ತೆರೆದಿರುವಾಗ 'ಗರ್ರ್' ಎಂದರೆ ವಾಷರ್ ಸವೆದಿರಬಹುದು, ಬದಲಿಸಿ ನೋಡಿ. ನೀರು ಬಿಟ್ಟ ಹೊಸದರಲ್ಲಿ 'ಬುಸ್' ಎನ್ನುವುದು ಮಾತ್ರ ನಿಜವಾಗಿ ಗಾಳಿ. ನಲ್ಲಿ ಸ್ವಲ್ಪ ತೆರೆದಿಡಿ, ತಾನೇ ಹೋಗುತ್ತದೆ.